ಬಿಸಿಲಿಗಿಟ್ಟ ಎರಡು ತಟ್ಟೆ

ಕ್ಯೋಟೆರಾ ಪೇಟೆಯ ವಿಡಿಯೊ ಹಾಲಿನಲ್ಲಿ ಹೊರದೇಶದ ಸಿನಿಮಾಗಳಿಗೆ ಲುಗಾಂಡ ಭಾಷೆಯಲ್ಲಿ ಮಾತು ಹೇಳುತ್ತಿದ್ದವನು ವಾಲುಸಿಂಬಿ. ಮೈಕು ಹಿಡಿದು ಕೂತರೆ ನಾಯಕನೂ ಅವನೇ, ಖಳನೂ ಅವನೇ, ಅಳುವ ಹೆಂಗಸೂ ಅವನೇ. ಇಂಗ್ಲಿಷು ಅವನಿಗೆ ಅಷ್ಟಕ್ಕಷ್ಟೆ. ತಿಳಿಯದ ಕಡೆ ಊರಿನ ಮಾತನ್ನು ತುಂಬುತ್ತಿದ್ದ. ಜನ ಬರುತ್ತಿದ್ದದ್ದೂ ಅದಕ್ಕೇ.

ಹಾಲಿನ ಬಾಗಿಲಲ್ಲಿ ನಬುಕೀರಾ ಹುರಿದ ಕಡಲೆಕಾಯಿ ಮಾರುತ್ತಿದ್ದಳು. ಅವಳ ಗಂಡ ಮೀನು ಹಿಡಿಯಲು ದ್ವೀಪಕ್ಕೆ ಹೋಗಿದ್ದ. ವಾರಕ್ಕೊಮ್ಮೆ ಕತ್ತಲಲ್ಲಿ ಬಂದು, ಬೆಳಗಾಗುವ ಮೊದಲೇ ಹೊರಡುತ್ತಾನೆಂದು ಅವಳು ಎಲ್ಲರಿಗೂ ಹೇಳುತ್ತಿದ್ದಳು. ವಾಲುಸಿಂಬಿಗೆ ಮಾತ್ರ ಒಮ್ಮೆ ನಿಜ ಹೇಳಿದ್ದಳು.

"ನಗಬೇಡ ತಮ್ಮಾ. ಅವರು ಬಂದು ಮೂರು ವರ್ಷ ಆಯ್ತು. ಉಂಡೋಳು ನಾನೊಬ್ಬಳೇ ಆದ್ರೂ ಎರಡು ತಟ್ಟೆ ತೊಳೆದು ಬಿಸಿಲಿಗೆ ಇಡ್ತೀನಿ. ಪಕ್ಕದ ಮನೆಯೋರು ನೋಡಲಿ ಅಂತ."

ಅವನು ನಕ್ಕಿರಲಿಲ್ಲ.

ಶನಿವಾರದ ಸಿನಿಮಾದಲ್ಲಿ ಒಬ್ಬ ಹೆಂಗಸು ಕಿಟಕಿಯ ಬಳಿ ನಿಂತು ಏನೋ ಗೊಣಗಿದಳು. ಅವನಿಗೆ ಒಂದು ಪದವೂ ತಿಳಿಯಲಿಲ್ಲ. ಬೆಂಚಿನಲ್ಲಿದ್ದವರು ಆಕಳಿಸತೊಡಗಿದರು. ಅವನು ದನಿ ಸಣ್ಣದು ಮಾಡಿದ. "ದ್ವೀಪಕ್ಕೆ ಹೋದ ಗಂಡನೇ, ನೀನು ಬರ್ತೀಯ ಅಂತ ಊರಿಗೆ ತೋರಿಸೋಕೆ ಎಷ್ಟು ದಿನ ಖಾಲಿ ತಟ್ಟೆ ತೊಳೀಲಿ?"

ಹಾಲಿನಲ್ಲಿದ್ದವರೆಲ್ಲ ಬಿದ್ದು ಬಿದ್ದು ನಕ್ಕರು. ಮುಂದಿನ ಬೆಂಚಿನಿಂದ ಬಡಗಿ ಕಯೊಂಗೊ ಕೂಗಿದ, "ಏ, ಇದು ಬಾಗಿಲಲ್ಲಿ ಕೂತಿರೋಳ ಮನೆ ಕಥೆ ಅಲ್ವೇನೋ?"

ಆಗ ವಾಲುಸಿಂಬಿಗೆ ನೆನಪಾಯಿತು. ಜನರನ್ನು ಕರೆಯಲೆಂದು ಹೊರಗೂ ಒಂದು ಸ್ಪೀಕರು ಕಟ್ಟಿದ್ದರು, ಸರಿಯಾಗಿ ನಬುಕೀರಾಳ ತಲೆಯ ಮೇಲೆ.

ಆಟ ಮುಗಿದ ಮೇಲೆ ಅವನು ಕಡಲೆಕಾಯಿ ಕೇಳಿದ. ಅವಳು ಪೊಟ್ಟಣ ಕೊಟ್ಟು, "ತಗೊಳ್ಳಿ ಯಜಮಾನ್ರೇ," ಎಂದಳು. ಅವನಿಗೆ ಮುಖ ಎತ್ತಲಾಗಲಿಲ್ಲ.

ಭಾನುವಾರ ಮತ್ತೆ ಅದೇ ಸಿನಿಮಾ. ಕಿಟಕಿಯ ದೃಶ್ಯ ಬರುವ ಮೊದಲೇ ಕಯೊಂಗೊ ಶುರು ಮಾಡಿದ. "ತಟ್ಟೆ ಮಾತು ಕೇಳೋಕೇ ಅಂತ ಭಾವನ್ನೂ ಕರ್ಕೊಂಡು ಬಂದಿದೀನಿ ಕಣಯ್ಯಾ. ನನ್ನ ಮರ್ಯಾದೆ ಉಳಿಸು."

ಹೆಂಗಸು ಕಿಟಕಿಯ ಬಳಿ ಬಂದಳು. ಮೈಕಿನಲ್ಲಿ ನಬುಕೀರಾಳ ಕ್ಷಮೆ ಕೇಳಿದರೆ ತಟ್ಟೆಯ ಕಥೆ ಅವಳದೇ ಎಂದು ಎಲ್ಲರಿಗೂ ಖಚಿತವಾಗುತ್ತದೆ. ವಾಲುಸಿಂಬಿ ಮೈಕನ್ನು ಬಾಯಿಗೆ ಹತ್ತಿರ ಹಿಡಿದ.

"ಈಕೆ ಏನು ಹೇಳ್ತಿದಾಳೋ ನನಗೆ ಗೊತ್ತಿಲ್ಲ. ನನಗೆ ಇಂಗ್ಲಿಷು ಸರಿಯಾಗಿ ಬರಲ್ಲ. ತಟ್ಟೆ ಕಥೆ ನಾನೇ ಕಟ್ಟಿದ್ದು. ಯಾರ ಮನೇದೂ ಅಲ್ಲ."

"ಹಾಗಾದ್ರೆ ಇಷ್ಟು ವರ್ಷ ಹೇಳಿದ್ದು?" ಕಯೊಂಗೊ ಕೇಳಿದ.

"ಅದೂ ಅರ್ಧ ಕಟ್ಟಿದ್ದೇ."

ಈ ಸಲ ಜನ ಅವನನ್ನೇ ನೋಡಿ ನಕ್ಕರು. ಯಾರೋ ಸೀಟಿ ಹೊಡೆದರು. ಆದರೂ ಅವನು ಕೊನೆಯ ದೃಶ್ಯದವರೆಗೆ ಮಾತು ಹೇಳಿದ.

ಹೊರಗೆ ನಬುಕೀರಾ ಪೊಟ್ಟಣ ಕಟ್ಟುತ್ತಿದ್ದಳು. "ಇಂಗ್ಲಿಷು ಬರಲ್ಲ ಅಂತ ನನಗೆ ಮೊದಲೇ ಗೊತ್ತಿತ್ತು," ಎಂದಳು, ತಲೆ ಎತ್ತದೆ.

ಆ ಮಾತಿನ ಕೊನೆಗೆ 'ತಮ್ಮಾ' ಎನ್ನುತ್ತಾಳೇನೋ ಎಂದು ಅವನು ನಿಂತೇ ಇದ್ದ. ಅವಳು ಅವನ ಹಿಂದೆ ನಿಂತವರ ಕಡೆ ನೋಡಿ, "ನಿಮಗೆಷ್ಟು?" ಎಂದಳು.