ಮೂಕಿ ಚಿತ್ರದ ಆಯಿ

ಆಯಿಗೆ ಎಡಗಡೆಯ ಹುಬ್ಬೊಂದನ್ನೇ ಏರಿಸಲು ಬರುತ್ತಿತ್ತು. ಎಪ್ಪತ್ತು ದಾಟಿ ಅದು ಬೆಳ್ಳಗಾದ ಮೇಲೂ, ಏರಿತೆಂದರೆ ಅಂಗಳದಲ್ಲಿ ಕೂಗಾಡುತ್ತಿದ್ದ ನಾವೆಲ್ಲ ಗಪ್ಪಾಗುತ್ತಿದ್ದೆವು. ಸೊಲ್ಲಾಪುರದ ವಿಜಾಪುರ ರಸ್ತೆಯಲ್ಲಿ ನಮ್ಮ ಮನೆಗೆ ಹತ್ತಿದ ಒಂಟಿ ಕೋಣೆಯಲ್ಲಿ ಆಕೆ ಇದ್ದಳು. ನನ್ನ ಸ್ವಂತ ಅಜ್ಜಿಯಲ್ಲ, ಓಣಿಗೆಲ್ಲ ಆಯಿ.

ಹುಟ್ಟಿದ್ದು ಹತ್ತಿರದ ಕುಂಭಾರಿ ಎಂಬ ಹಳ್ಳಿಯ ಕುರಿಗಾರರ ಮನೆಯಲ್ಲಿ. ಮೂಕಿ ಚಿತ್ರಗಳ ಕಾಲದಲ್ಲಿ ಅಕ್ಕಲಕೋಟೆಗೆ ಬಂದ ಕಂಪನಿಯೊಂದರ ನಾಯಕಿ ಕುದುರೆ ಏರಲು ಹೆದರಿ ಕೂತಳಂತೆ. ಹಿಂಡಿನ ಜೊತೆ ಸಾಮಾನು ಹೊರುವ ಕುದುರೆಯ ಮೇಲೆಯೇ ಬೆಳೆದ ಈ ಹುಡುಗಿ, ನೋಡಲು ನಿಂತಿದ್ದವಳು, "ನಾ ಏರ್ತೀನ್ರಿ" ಎಂದು ಏರಿಯೇಬಿಟ್ಟಳು. ಆ ಕಂಪನಿಯ ಜೊತೆ ಮುಂಬೈಗೆ ಹೋಗಿ ರಾಣಿಯಾದಳು, ದರೋಡೆಕೋರನ ಮಗಳಾದಳು, ಒಮ್ಮೆ ಮೀಸೆ ಅಂಟಿಸಿಕೊಂಡು ರಾಜಕುಮಾರನೂ ಆದಳು. ಆ ಚಿತ್ರಗಳಲ್ಲಿ ಒಂದೂ ಉಳಿದಿಲ್ಲ.

"ಆಮ್ಯಾಲ ಮಾತಾಡೋ ಚಿತ್ರ ಬಂದ್ವು ನೋಡವಾ," ಎನ್ನುತ್ತಿದ್ದಳು. "ಮರಾಠಿ ಮಾತು ಹೇಳಿಕೊಟ್ಟು ಅನ್ನು ಅಂದ್ರು. ನನ್ನ ಕನ್ನಡ ರಾಗ ಕೇಳಿ ಎಲ್ಲಾರೂ ನಕ್ಕರು. ಮರುದಿನ ಗಾಡಿ ಹತ್ತಿದ್ನಿ."

ಸಿನಿಮಾದಲ್ಲಿ ಕುಣಿದವಳೆಂದು ಊರಿನವರು ಸೇರಿಸಿಕೊಳ್ಳಲಿಲ್ಲ. ಸೊಲ್ಲಾಪುರದ ಗಿರಣಿಯಲ್ಲಿ ದುಡಿದು ಬದುಕಿದಳು. ಅಂದಿನಿಂದ ನಾಲ್ಕು ಜನರೆದುರು ಮರಾಠಿ ಆಡಲೇ ಇಲ್ಲ. ಹುಬ್ಬು, ಕಣ್ಣು, ಕೈಯಲ್ಲೇ ಎಲ್ಲ ನಡೆಸಿದಳು.

ನಾನು ಮರಾಠಿ ಸಾಲೆಯಲ್ಲಿ ಏಳನೆಯ ತರಗತಿಯಲ್ಲಿದ್ದಾಗ ಭಾಷಣ ಸ್ಪರ್ಧೆಗೆ ಹೆಸರು ಕೊಟ್ಟಿದ್ದೆ. ನನ್ನ ಉಚ್ಚಾರಕ್ಕೆ ಗೆಳತಿಯರು ನಕ್ಕರೆಂದು ಆಯಿಯ ಮುಂದೆ ಅತ್ತೆ.

"ಹೆಸರು ತಗಸಬ್ಯಾಡ. ನಾ ಬರ್ತೀನಿ," ಎಂದಳು.

ಬಂದಳು, ಒಗೆದ ಇಳಕಲ್ ಸೀರೆ ಉಟ್ಟು. ನನ್ನ ಮೊದಲ ಸಾಲಿಗೇ ಕಿಸಕಿಸ ನಗು ಎದ್ದಿತು. ವೇದಿಕೆಯಿಂದ ಇಳಿದುಬಿಡಲು ತಿರುಗಿದೆ. ಆಗ ತಾಯಂದಿರ ಸಾಲಿನಿಂದ ಆಯಿ ಎದ್ದು ನಿಂತಳು.

"ತಿಲಾ ಬೋಲೂ ದ್ಯಾ!" ಆಕೆ ಮಾತಾಡಲಿ, ಬಿಡಿ!

ಅದು ನನ್ನದಕ್ಕಿಂತ ಹೆಚ್ಚು ಕನ್ನಡದ ಮರಾಠಿ. ನಗು ಜೋರಾಯಿತು. ಆದರೂ ಆಯಿ ಕೂಡಲಿಲ್ಲ. "ಹಸಾ, ಮಗ ಐಕಾ," ಎಂದಳು. ನಕ್ಕುಬಿಡಿ, ಆಮೇಲೆ ಕೇಳಿ.

ನಾನು ಮತ್ತೆ ಸಭೆಯತ್ತ ತಿರುಗಿದೆ. ಕೊನೆಯವರೆಗೂ ಮಾತಾಡಿದೆ. ಬಹುಮಾನ ಬರಲಿಲ್ಲ. ಆದರೆ ಮನೆಗೆ ಬರುವಾಗ ಆಯಿ ಟಾಂಗಾದವನೊಡನೆ ದಾರಿಯುದ್ದಕ್ಕೂ ಮರಾಠಿಯಲ್ಲೇ ಹರಟಿದಳು, ಅವನಿಗೆ ಬಾಯಿ ತೆರೆಯಲು ಬಿಡದೆ.

ಆಕೆ ತೀರಿ ಬಹಳ ವರ್ಷಗಳಾದವು. ನಾನೀಗ ಅಕ್ಕಲಕೋಟೆಯಲ್ಲಿ ಮರಾಠಿ ಕಲಿಸುತ್ತೇನೆ, ಸಾಲೆಯ ಮಕ್ಕಳಿಗೆ 'ಬಾಯಾರು'. ನನ್ನ ರಾಗ ಬದಲಾಗಿಲ್ಲ, ಬದಲಾಯಿಸುವ ಮನಸ್ಸೂ ಆಗಿಲ್ಲ. ಅದು ಆಯಿಯ ಋಣ.

ಕಳೆದ ಬೇಸಿಗೆ ಕುಂಭಾರಿಗೆ ಹೋಗಿದ್ದೆ. ಆಯಿಯ ಅಣ್ಣನ ಮೊಮ್ಮಗಳು ಚಹಾ ಕೊಡುತ್ತ ಕೇಳಿದಳು: "ನಮ್ಮ ಮನ್ಯಾಗಿನಾಕಿ ಒಬ್ಬಾಕಿ ಸಿನಿಮಾದಾಗ ಇದ್ಲಂತ. ಖರೇನ ಏನ್ರಿ, ಬಾಯಾರ? ಹಿರ್ಯಾರು ಯಾರೂ ಹೇಳಲಿಲ್ಲ ನೋಡ್ರಿ."

"ಖರೇ," ಎಂದೆ. "ಕುದುರಿ ಮ್ಯಾಲ ಕೂತಿದ್ಲು."

ಆಕೆ ಒಳಗೆ ಹೋಗಿ ಟೀವಿ ಬಂದ್ ಮಾಡಿ, ಮನೆಯವರನ್ನೆಲ್ಲ ಕರೆತಂದು ಕೂಡಿಸಿದಳು.

"ಮೊದಲಿಂದ ಹೇಳ್ರಿ," ಎಂದಳು.