ಕಡಗದ ಕುಸ್ತಿ ಮತ್ತು ಮೂರ್ಛೆ ಹೋಗುವ ಪಂಚ

ಟೀವಿ ಕುಸ್ತಿ ನೋಡುವಾಗ ನನಗೆ ಸಿಟ್ಟು ಬರುತ್ತಿದ್ದುದು ಪೈಲ್ವಾನರ ಮೇಲಲ್ಲ, ತೀರ್ಪು ಕೊಡುವ ಪಂಚನ ಮೇಲೆ. ಆನೆಯಂಥ ಇಬ್ಬರು ಅರ್ಧ ಗಂಟೆ ಒಬ್ಬರನ್ನೊಬ್ಬರು ಎತ್ತಿ ಒಗೆದರೂ ಮೈ ಕೊಡವಿಕೊಂಡು ಏಳುತ್ತಾರೆ. ಪಟ್ಟೆ ಅಂಗಿಯ ಪಂಚನಿಗೆ ಯಾರದೋ ಮೊಣಕೈ ಸೋಕಿದರೆ ಸಾಕು, ಮೂರ್ಛೆ. ಅದೂ ಬೇರೆ ಹೊತ್ತಿನಲ್ಲಲ್ಲ. ಇನ್ನೇನು ನಮ್ಮವನು ಗೆಲ್ಲಬೇಕು, ಆಗ. ಅವನು ಅಂಗಾತ ಬಿದ್ದಿರುವಾಗ ಅಖಾಡದಲ್ಲಿ ಆಗಬಾರದ್ದೆಲ್ಲ ಆಗಿ ಮುಗಿಯುತ್ತದೆ. ಮುಗಿದ ಮರುಕ್ಷಣ ಅವನಿಗೆ ಎಚ್ಚರವಾಗುತ್ತದೆ. ತೆವಳಿಕೊಂಡು ಬಂದು ನೆಲ ಬಡಿದು ಒಂದು, ಎರಡು, ಮೂರು ಎಂದು ಎಣಿಸಿ ತಪ್ಪು ಮನುಷ್ಯನ ಕೈ ಎತ್ತುತ್ತಾನೆ. ಸಂಬಳ ಕೊಟ್ಟು ಇಂಥವನನ್ನು ಯಾಕೆ ಇಟ್ಟುಕೊಂಡಿದ್ದಾರೋ ಎಂದು ನಾನು ಎಷ್ಟೋ ಸಲ ಹಲ್ಲು ಕಡಿದಿದ್ದೇನೆ.

ಆ ದಿನದ ಕೊನೆಯ, ಎಲ್ಲಕ್ಕಿಂತ ದೊಡ್ಡ ಕಾಳಗಕ್ಕೆ ಟೀವಿಯವರು ಮೇನ್ ಇವೆಂಟ್ ಎನ್ನುತ್ತಾರೆ. ನಮ್ಮ ಕಡೆ ಅದೇ ಕಡಗದ ಕುಸ್ತಿ. ಸಣ್ಣಪುಟ್ಟ ಜೋಡಿಗಳೆಲ್ಲ ಮಣ್ಣಾಡಿ ಮುಗಿದ ಮೇಲೆ ಪಂಚರು ಗೆದ್ದವನ ಕೈಗೆ ತೊಡಿಸುವ ಬೆಳ್ಳಿಯ ಕಡಗವನ್ನು ಎತ್ತಿ ತೋರಿಸುತ್ತಾರೆ. ಆಗ ಮಂಡಕ್ಕಿ ತಿನ್ನುತ್ತಿದ್ದವರ ಬಾಯಿ ಕೂಡ ನಿಲ್ಲುತ್ತದೆ. ಟೀವಿಯವರು ಇದಕ್ಕೆ ಬೆಂಕಿ, ಹೊಗೆ, ಪಂಜರ, ಏಣಿ, ಶವಪೆಟ್ಟಿಗೆ ಎಲ್ಲ ಸೇರಿಸಿದ್ದಾರೆ. ಶವಪೆಟ್ಟಿಗೆಯ ಕುಸ್ತಿಯಲ್ಲಿ ಸೋತವನನ್ನು ಒಳಗೆ ಹಾಕಿ ಮೊಳೆ ಹೊಡೆಯುತ್ತಾರೆ, ಅವನು ಮುಂದಿನ ತಿಂಗಳು ತಲೆ ಬಾಚಿಕೊಂಡು ಬರುತ್ತಾನೆ. ಸೋತವನು ಜನ್ಮದಲ್ಲಿ ಮತ್ತೆ ಅಖಾಡಕ್ಕೆ ಇಳಿಯಬಾರದು ಎಂಬ ಕರಾರಿನ ಕುಸ್ತಿಯೂ ಉಂಟು. ಕಣ್ಣೀರಿಟ್ಟು ಬೂಟು ಬಿಚ್ಚಿಟ್ಟು ಹೋದವನು, ನಮ್ಮ ಕಡೆ ಹೊಗೆಸೊಪ್ಪು ಬಿಟ್ಟವರ ಹಾಗೆ, ಮಳೆಗಾಲದೊಳಗೆ ವಾಪಸು ಬರುತ್ತಾನೆ.

ಇಷ್ಟೆಲ್ಲ ನನಗೆ ಗೊತ್ತಾದದ್ದು ಮದುವೆಯಿಂದ. ನಾನು ಹರಪನಹಳ್ಳಿಯವನು, ಹಗರಿಬೊಮ್ಮನಹಳ್ಳಿಯ ಕಾಲೇಜಿನಲ್ಲಿ ಇತಿಹಾಸ ಹೇಳುವವನು. ಹೆಣ್ಣು ಕೊಟ್ಟವರು ಕೊಟ್ಟೂರಿನವರು. ಮಾವನ ಹೆಸರು ಕೊಟ್ರಪ್ಪ. ಅಲ್ಲಿ ಬಸ್ಟ್ಯಾಂಡಿನಲ್ಲಿ ನಿಂತು ಆ ಹೆಸರು ಕೂಗಿದರೆ ಅರ್ಧ ಊರೇ ತಿರುಗಿ ನೋಡುತ್ತದೆ. ಆದ್ದರಿಂದ ಜನ ನಮ್ಮ ಮಾವನನ್ನು ಶಾಮಿಯಾನದ ಕೊಟ್ರಪ್ಪ ಎಂದು ಗುರುತಿಸುತ್ತಾರೆ. ಮದುವೆಗಳಿಗೆ ಚಪ್ಪರ, ಕುರ್ಚಿ, ಪಾತ್ರೆ ಬಾಡಿಗೆಗೆ ಕೊಡುವುದು ಅವರ ಕಸುಬು. ವಯಸ್ಸಿನಲ್ಲಿ ಗರಡಿಯಲ್ಲಿ ಮಣ್ಣಾಡಿದವರು, ಆಮೇಲೆ ಕೂಡ್ಲಿಗಿಯಿಂದ ಚಿಗಟೇರಿಯವರೆಗೆ ಎಲ್ಲಿ ಕುಸ್ತಿ ನಡೆದರೂ ಪಂಚರಾಗಿ ಕೂತವರು. ಆ ಅಭ್ಯಾಸ ಟೀವಿಯ ಮುಂದೆಯೂ ಬಿಡಲಿಲ್ಲ. ಅಮೆರಿಕದವರು ಕೊಟ್ಟ ತೀರ್ಪು ಅವರಿಗೆ ಕೆಳಗಿನ ಕೋರ್ಟಿನ ತೀರ್ಪು. ತಪ್ಪು ಕಂಡರೆ ಕೊಟ್ಟೂರಿನಲ್ಲಿ ರದ್ದು ಮಾಡುತ್ತಿದ್ದರು. ಹೀಗಾಗಿ ಜಗತ್ತಿನ ಚಾಂಪಿಯನ್ ಒಬ್ಬನಾದರೆ ನಮ್ಮ ಅತ್ತೆಮನೆಯ ಚಾಂಪಿಯನ್ ಇನ್ನೊಬ್ಬನಿರುತ್ತಿದ್ದ.

ಈ ನ್ಯಾಯಾಲಯಕ್ಕೆ ವಿರೋಧ ಪಕ್ಷದ ವಕೀಲ ಒಬ್ಬನೇ, ಅತ್ತೆಯ ತಮ್ಮ ಬಸಣ್ಣ. ಹಡಗಲಿಯಲ್ಲಿ ಮಲ್ಲಿಗೆ ತೋಟ. ಭಾನುವಾರ ಬೆಳಗಿನ ಕುಸ್ತಿಗೆ ಒಂದು ಪೊಟ್ಟಣ ಮಲ್ಲಿಗೆ ಹಿಡಿದು ಬಂದರೆ, ಅತ್ತೆಯ ಮುಡಿ ತುಂಬುವುದು, ಭಾವ ಭಾವಮೈದುನರ ಬಾಯಿ ತೆರೆಯುವುದು ಒಟ್ಟಿಗೇ ಆಗುತ್ತಿತ್ತು. ಮಾವನಿಗೆ ನ್ಯಾಯವಂತ ಪೈಲ್ವಾನನೇ ಬೇಕು, ಬಸಣ್ಣನಿಗೆ ಕಣ್ಣು ಕೆಂಪಗೆ ಮಾಡುವ ಕೇಡಿಯೇ ಬೇಕು. ಇದರ ನಡುವೆ ಬಸಣ್ಣನ ಮಗನಿಗೂ ಮಾವನ ಕಿರಿಯ ಮಗಳು ಶಾಂತಾಳಿಗೂ ಸೋದರಸಂಬಂಧದಲ್ಲಿ ಮದುವೆ ಮಾತಾಗಿತ್ತು. ಹುಡುಗ ಹುಡುಗಿ ಇಬ್ಬರಿಗೂ ಒಪ್ಪಿಗೆ ಎಂಬುದಕ್ಕಿಂತ, ಆ ಮಾತು ಹುಟ್ಟಿದ್ದೇ ಅವರಿಬ್ಬರಿಂದ ಎನ್ನುವುದು ಸರಿ.

ಹಾಗಿರುವಾಗ ಒಂದು ಮೇನ್ ಇವೆಂಟ್ ಬಂತು. ಮಾವನ ಕಡೆಯವನು ಬೋಳುತಲೆಯವನು, ಮನೆಯಲ್ಲಿ ಅವನಿಗೆ ಬೋಡ ಎಂದೇ ಹೆಸರು. ಬಸಣ್ಣನ ಕಡೆಯವನಿಗೆ ಉದ್ದ ಕೂದಲು, ಅವನು ಜಡೆಯಪ್ಪ. ಬೋಡ ಜಡೆಯಪ್ಪನನ್ನು ಚಿತ್ ಮಾಡಿ ಮೇಲೆ ಕೂತ. ಎಣಿಸಬೇಕಾದ ಪಂಚ ಯಥಾಪ್ರಕಾರ ಮೂರ್ಛೆ ಹೋಗಿದ್ದ. ಅಷ್ಟರಲ್ಲಿ ಅಖಾಡದ ಅಡಿಯಿಂದ ಜಡೆಯಪ್ಪನ ಗೆಳೆಯನೊಬ್ಬ ಹೊರಬಂದು, ಮಡಚುವ ಕಬ್ಬಿಣದ ಕುರ್ಚಿಯಿಂದ ಬೋಡನ ಬೆನ್ನಿಗೆ ಬಾರಿಸಿದ. ಪಂಚ ಎದ್ದ, ಎಣಿಸಿದ, ಜಡೆಯಪ್ಪನ ಕೈ ಎತ್ತಿದ.

ಮಾವ ಎದ್ದು ನಿಂತರು. "ಇದು ಕುಸ್ತಿ ಅಲ್ಲ. ಕುರ್ಚಿ ನೋಡ್ರಿ ಹೆಂಗ ಬಗ್ಗೈತಿ! ಕುಂದ್ರೋ ಸಾಮಾನಿನಾಗ ಹೊಡ್ಯಾಕ ಇವನ್ಯಾವನು?"

"ಪಂಚ ಎಣಿಸ್ಯಾನ ಬಾವ, ಮುಗೀತು," ಎಂದ ಬಸಣ್ಣ.

"ಕದ್ದು ಹೊಡದೋನ್ನ ಗೆದ್ದ ಅಂತೀಯಲ್ಲ, ಅಂಥಾ ಮನಿಗೆ ನನ್ನ ಮಗಳನ್ನ ಕೊಡ್ಲೇನು?"

"ಮೂರು ಎಣಿಸಿದ್ದನ್ನ ಒಪ್ಪಂಗಿಲ್ಲ ಅಂದ್ರ, ನಾಳೆ ಮೂರು ಗಂಟು ಹಾಕಿದ್ದನ್ನಾರ ಒಪ್ತೀಯೇನು ನೀನು?"

ಬಸಣ್ಣ ಟವೆಲ್ಲು ಕೊಡವಿ ಹೆಗಲಿಗೆ ಹಾಕಿಕೊಂಡು ಹೋದ. ಅಲ್ಲಿಗೆ ಮಲ್ಲಿಗೆ ನಿಂತಿತು, ಮದುವೆ ನಿಂತಿತು. ಅತ್ತೆ ಹಿತ್ತಲಿನ ಕನಕಾಂಬರ ಮುಡಿದುಕೊಂಡು ಅಡುಗೆಮನೆಯಲ್ಲಿ ಪಾತ್ರೆಗಳನ್ನು ಸ್ವಲ್ಪ ಜೋರಾಗಿ ಇಡತೊಡಗಿದರು. ಶಾಂತಾ ಅಪ್ಪನ ಜೊತೆ ಮಾತು ಬಿಟ್ಟಳು. ಅಲ್ಲಿ ಆ ಹುಡುಗ ಅಪ್ಪನ ಜೊತೆ ಊಟ ಬಿಟ್ಟನಂತೆ.

ಓದಿದ ಅಳಿಯ ನಾನು, ನಡುವೆ ಹೋಗದಿದ್ದರೆ ಹೇಗೆ? ಟೀವಿ ಕುಸ್ತಿಯಲ್ಲಿ ಯಾರು ಗೆಲ್ಲಬೇಕೆಂದು ಮೊದಲೇ ಬರೆದಿಟ್ಟಿರುತ್ತಾರೆ, ಅದೆಲ್ಲ ನಾಟಕ ಎಂದು ಬಿಡಿಸಿ ಹೇಳಿದರೆ ಜಗಳದ ಬುಡವೇ ಇಲ್ಲವಾಗುತ್ತದೆ ಎಂಬುದು ನನ್ನ ಲೆಕ್ಕ. ಮಾವನಿಗೆ ಹೇಳಿದೆ. ಅವರು ನನ್ನನ್ನು ಕನಿಕರದಿಂದ ನೋಡಿದರು. "ಅದು ನಮಗೂ ಗೊತ್ತೈತ್ರಿ ಅಳಿಯಂದ್ರ. ಬಯಲಾಟದಾಗ ರಾಕ್ಷಸ ಸಾಯೋದೂ ಮೊದ್ಲ ಬರದಿರ್ತಾರ. ಹಂಗಂತ ಒಂದಿನ ರಾಕ್ಷಸನ್ನ ಗೆಲ್ಲಿಸಿ ಮಂಗಳ ಹಾಡಿದ್ರ ನೀವು ಸುಮ್ಕ ಎದ್ದು ಮನಿಗೆ ಹೋಗ್ತೀರೇನು?"

ಹಡಗಲಿಗೆ ಹೋಗಿ ಬಸಣ್ಣನಿಗೂ ಹೇಳಿದೆ. ಅವನು ತೋಟದ ಬದುವಿನ ಮೇಲೆ ಕೂತು ನಿಟ್ಟುಸಿರು ಬಿಟ್ಟ. "ನಮ್ಮೂರ ಬಯಲಾಟದಾಗ ರಾಕ್ಷಸನ ಪಾರ್ಟು ನಂದೇ ನೋಡ್ರಿ. ಪ್ರತಿ ವರ್ಷ ಸತ್ತೀನಿ. ಎಲ್ಲ್ಯಾರ ಒಂದು ಕಡಿ, ಒಂದ್ಸಲಾರ, ನಮ್ಮಂಥವ ಗೆದ್ರ ಬಾವಗ ಏನು ಹೋಗೋದು?"

ಬಸ್ಸಿನಲ್ಲಿ ಮರಳುವಾಗ ಹೊಲದ ಬದುವಿನ ವೀರಗಲ್ಲೊಂದು ಕಂಡು, ಕಸುಬಿನ ಚಟದಿಂದ, ಅದರ ಬಗ್ಗೆ ಯೋಚಿಸಿದೆ. ಕೋಗಳಿಯ ಸುತ್ತಮುತ್ತ ಅಡ್ಡಾಡುವಾಗೆಲ್ಲ ನಾನು ವಿದ್ಯಾರ್ಥಿಗಳಿಗೆ ಹೇಳುವುದುಂಟು: ಕೆಳಗೆ ಕಾಳಗ, ನಡುವೆ ಕೈ ಹಿಡಿದು ಕರೆದೊಯ್ಯುವ ಅಪ್ಸರೆಯರು, ಮೇಲೆ ಕೈಲಾಸ. ಆದರೆ ಒಂದು ಮಾತು ನನಗೆ ಆವತ್ತೇ ಹೊಳೆದದ್ದು. ಕಲ್ಲು ನಿಲ್ಲಿಸಿದ್ದೆಲ್ಲ ಬಿದ್ದವನಿಗೆ. ಹೊಡೆದು ಗೆದ್ದು ಮನೆಗೆ ಹೋಗಿ ಮುದ್ದೆ ಉಂಡವನಿಗೆ ಒಂದು ಕಲ್ಲೂ ಇಲ್ಲ, ಒಬ್ಬ ಅಪ್ಸರೆಯೂ ಇಲ್ಲ. ಇದು ಬಹಳ ದೊಡ್ಡ ಸಂಶೋಧನೆ ಎನ್ನಿಸಿ ಮನೆಗೆ ಬಂದು ಹೆಂಡತಿಗೆ ಹೇಳಿದೆ. "ಹಂಗಾದ್ರ ಸೊಪ್ಪು ಸೋಸ್ರಿ," ಎಂದಳು.

ದಾರಿ ತೋರಿಸಿದವರು ಅತ್ತೆ. ಗರಡಿಯಲ್ಲಿ ಒಂದು ಪದ್ಧತಿಯಿದೆ. ಕಡಗದ ಕುಸ್ತಿಯಲ್ಲಿ ತೀರ್ಪಿನ ಬಗ್ಗೆ ತಕರಾರು ಎದ್ದರೆ ಮಾತಿಗೆ ಮಾತು ಬೆಳೆಸುವ ಹಾಗಿಲ್ಲ. ಹೊಸ ಮಣ್ಣು ಚೆಲ್ಲಿ ಅದೇ ಜೋಡಿಯನ್ನು ಮತ್ತೆ ಇಳಿಸಬೇಕು. ಆಮೇಲೆ ಯಾರೂ ಉಸಿರೆತ್ತಬಾರದು. "ಅಮೇರಿಕದಿಂದ ಅವರಿಬ್ರನ್ನ ಕರ್ಸೋದು ಆಗಂಗಿಲ್ಲ," ಎಂದರು ಅತ್ತೆ, "ಅವರ ಬದ್ಲಿ ನೀವಿಬ್ರೂ ಇಳೀರಿ." ಪದ್ಧತಿ ಎಂದ ಮೇಲೆ ಮಾವ ಇಲ್ಲ ಎನ್ನುವಂತಿರಲಿಲ್ಲ. ಮಾವ ಒಪ್ಪಿದ ಮೇಲೆ ಬಸಣ್ಣ ಹಿಂದೆ ಸರಿಯುವಂತಿರಲಿಲ್ಲ. ಪಂಚ ಯಾರು? ಎರಡೂ ಕಡೆಗೆ ಸಲ್ಲುವವನು, ಅಂದರೆ ಯಾರ ಕಡೆಗೂ ಸಲ್ಲದವನು, ನಾನೇ.

ಇದಕ್ಕಿಂತ ಮುಖ್ಯವಾದದ್ದು ನನಗೆ ತಿಳಿದದ್ದು ಆಮೇಲೆ, ನಿಮಗೆ ಈಗಲೇ ಹೇಳಿಬಿಡುತ್ತೇನೆ. ಅತ್ತೆ ಗಂಡನನ್ನು ಹಿತ್ತಲಿಗೆ ಕರೆದು, "ಮಗಳ ಸಲುವಾಗಿ ಒಂದ್ಸಲ ಬಿದ್ದುಬಿಡ್ರಿ," ಎಂದಿದ್ದರು. ತಮ್ಮನಿಗೆ ಫೋನು ಮಾಡಿ, "ಮಗನ ಸಲುವಾಗಿ ಒಂದ್ಸಲ ಬಿದ್ದುಬಿಡು ತಮ್ಮಾ," ಎಂದಿದ್ದರು. ಇಬ್ಬರೂ ಕಣ್ಣೀರು ತಂದುಕೊಂಡು ಹೂಂ ಎಂದಿದ್ದರು. ಒಬ್ಬರಿಗೆ ಹೇಳಿದ್ದು ಇನ್ನೊಬ್ಬರಿಗೆ ಗೊತ್ತಿರಲಿಲ್ಲ.

ಭಾನುವಾರ ಶಾಮಿಯಾನದ ಅಂಗಡಿಯ ಹಿಂದಿನ ಅಂಗಳದಲ್ಲಿ ಕೆಮ್ಮಣ್ಣು ಚೆಲ್ಲಿದರು. ಮುನ್ನೆಚ್ಚರಿಕೆಗೆಂದು ಮಾವ ಕಬ್ಬಿಣದ ಕುರ್ಚಿಗಳನ್ನೆಲ್ಲ ಒಳಗೆ ಹಾಕಿ ಬೀಗ ಜಡಿದಿದ್ದರಿಂದ, ಊರಿಗೆಲ್ಲ ಕುರ್ಚಿ ಕೊಡುವವರ ಮನೆಯಲ್ಲಿ ನೆಂಟರು ನೆಲದ ಮೇಲೆ ಕೂತರು. ಇಬ್ಬರು ಹಿರಿಯರೂ ಪಟ್ಟಾಪಟ್ಟಿ ಚಡ್ಡಿಯಲ್ಲಿ ಬಂದರು. ಬೋಡನ ಪಾತ್ರಕ್ಕೆ ಮಾವನ ತಲೆ ಹೇಳಿ ಮಾಡಿಸಿದಂತಿತ್ತು. ತೊಂದರೆಯೆಂದರೆ ಬಸಣ್ಣನದೂ ಬೋಳುತಲೆಯೇ. ಅವನು ತಲೆಗೆ ಟವೆಲ್ಲು ಕಟ್ಟಿ ತುದಿಯನ್ನು ಬೆನ್ನಿಗೆ ಇಳಿಬಿಟ್ಟ, ಪಂಚನಾಗಿ ನಾನು ಅದನ್ನು ಜಡೆ ಎಂದು ಒಪ್ಪಿದೆ. ಹಿಡಿ ಮಣ್ಣು ಎತ್ತಿ ಒಬ್ಬರ ಮೈಗೊಬ್ಬರು ಹಚ್ಚಿ, ಕೈ ಮುಟ್ಟಿ ಶುರು ಮಾಡಿದರು.

ಅಂಥ ಕುಸ್ತಿಯನ್ನು ನಾನು ಯಾವ ಮೇನ್ ಇವೆಂಟಿನಲ್ಲೂ ನೋಡಿಲ್ಲ. ಇಬ್ಬರೂ ಎದೆಯೊಡ್ಡಿ ನಿಂತರು, ಯಾರೂ ನೂಕಲಿಲ್ಲ. ಮಾವ ಬಸಣ್ಣನನ್ನು ತಬ್ಬಿ ತಮ್ಮ ಮೈಮೇಲೆ ಎಳೆದುಕೊಳ್ಳಲು ನೋಡಿದರೆ, ಬಸಣ್ಣ ಮೀನಿನಂತೆ ನುಸುಳಿ ಅವರ ಅಡಿಗೆ ಸೇರಲು ನೋಡಿದ. "ಒತ್ತಲೇ!" ಎಂದರು ಮಾವ. "ನೀ ಒತ್ತು ಬಾವ!" ಎಂದ ಬಸಣ್ಣ. ಗೆಲ್ಲಲು ಯಾರೂ ಇಷ್ಟು ಬೆವರು ಸುರಿಸುವುದಿಲ್ಲ. ಕೊನೆಗೆ ಕಾಲಿಗೆ ಕಾಲು ತೊಡರಿ ಇಬ್ಬರೂ ದೊಪ್ಪನೆ ಅಂಗಾತ ಬಿದ್ದರು, ಅಕ್ಕಪಕ್ಕದಲ್ಲಿ, ಮುಖ ಆಕಾಶಕ್ಕೆ.

"ನಾ ಸೋತೆ," ಎಂದರು ಮಾವ.

"ನಿನಗಿಂತ ಮೊದ್ಲ ನಾ ಸೋತೀನಿ ಬಾವ," ಎಂದ ಬಸಣ್ಣ.

ಮೊದಲು ಎದ್ದವನು ಗೆದ್ದಂತೆ ಆಗುತ್ತದೆ ಎಂಬ ಭಯಕ್ಕೆ ಇಬ್ಬರೂ ಏಳಲಿಲ್ಲ. ಬಿಸಿಲೇರಿತು. ಯಾರೋ ಅವರ ಮೇಲೊಂದು ಶಾಮಿಯಾನ ಕಟ್ಟೋಣವೇ ಎಂದು ಕೇಳಿದರು. ಅತ್ತೆ ಒಗ್ಗರಣೆ ಮಂಡಕ್ಕಿ, ಮೆಣಸಿನಕಾಯಿ ಬಜ್ಜಿ ತಂದು ನಡುವೆ ಇಟ್ಟರು. ಇಬ್ಬರೂ ಮಲಗಿಕೊಂಡೇ ತಿಂದರು. ಶಾಂತಾ ಬಂದು, "ಅಪ್ಪಾ, ಮಾವಾ, ನಿಮ್ಮ ಕೈ ಮುಗೀತೀನಿ ಏಳ್ರಿ, ನಮ್ಮ ಗತಿ ಏನು?" ಎಂದು ಅಳತೊಡಗಿದಳು. ಅವಳ ಅಳು ನಾಟಕದ್ದಲ್ಲ.

ಮಾವ ಕತ್ತು ಹೊರಳಿಸಿ ನನ್ನನ್ನು ನೋಡಿದರು. "ಪಂಚರು ನೀವು. ಹೇಳ್ರಿ, ಯಾರ ಬೆನ್ನು ಮೊದ್ಲ ಮಣ್ಣಿಗೆ ಹತ್ತೇತಿ?"

ನನಗೆ ಗೊತ್ತಿತ್ತು. ಎರಡು ಮಾರು ದೂರದಲ್ಲಿ ಕಣ್ಣು ಬಿಟ್ಟುಕೊಂಡು ನಿಂತಿದ್ದೆ, ಹಗಲಿನಷ್ಟು ಸ್ಪಷ್ಟವಾಗಿ ಕಂಡಿತ್ತು. ನ್ಯಾಯ ಹೇಳಲು ಬಾಯಿ ತೆರೆದೆ. ಹೇಳಿದರೆ ಒಬ್ಬರು ಸೋತವರಾಗುತ್ತಾರೆ, ಇನ್ನೊಬ್ಬರು ಗೆದ್ದವರು. ಗೆದ್ದವರು ಆ ತೀರ್ಪು ಒಪ್ಪದೆ ಮತ್ತೆ ಟವೆಲ್ಲು ಕೊಡವಿ ಹೋಗುತ್ತಾರೆ. ಆ ಕ್ಷಣದಲ್ಲಿ, ನಾನು ಇಷ್ಟು ವರ್ಷ ಹಲ್ಲು ಕಡಿದ ಆ ಪಟ್ಟೆ ಅಂಗಿಯ ಬಡಪಾಯಿ ನನ್ನ ಕಣ್ಮುಂದೆ ಬಂದ. ಮೂರ್ಛೆ ಹೋಗಲು ನನಗೆ ಅಭ್ಯಾಸ ಸಾಲದು. ಎರಡೂ ಕಣ್ಣು ಗಸಗಸ ಉಜ್ಜಿಕೊಂಡೆ.

"ಕಣ್ಣಾಗೆ ಮಣ್ಣು ಬಿದ್ದಿತ್ತು ಕಣ್ರೀ, ನಂಗೇನೂ ಕಾಣ್ಲಿಲ್ಲ," ಎಂದೆ.

ಬಸಣ್ಣ ಮಾವನ ಕಡೆ ಮುಖ ಹೊರಳಿಸಿದ. "ಎಂಥಾ ಪಂಚನ್ನ ಹುಡುಕೀ ಬಾವ!"

"ನಾ ಎಲ್ಲಿ ಹುಡುಕೀನಲೇ, ದೊಡ್ಡ ಮಗಳು ಒಪ್ಪಿ ತಂದಾಳ."

"ಇವ್ರಿಗಿಂತ ಆ ಟೀವ್ಯಾಗಿನವ್ನ ವಾಸಿ."

"ವಾಸಿ ಬಿಡು. ಅವ ಮೂರಾರ ಎಣಿಸ್ತಾನ."

ಹೊಟ್ಟೆ ಕುಲುಕಿಸಿ ನಗುತ್ತ ಇಬ್ಬರೂ ಕೈಗೆ ಕೈ ಕೊಟ್ಟು ಒಟ್ಟಿಗೇ ಎದ್ದರು, ಪರಸ್ಪರರ ಬೆನ್ನಿನ ಮಣ್ಣು ಕೊಡವಿದರು. ಮರುದಿನ ಹಡಗಲಿಯ ಮೊದಲ ಬಸ್ಸಿಗೆ ಮಲ್ಲಿಗೆ ಬಂತು. ಶಾಂತಾಳ ಮದುವೆಯಲ್ಲಿ ಬೀಗ ತೆಗೆದ ಕುರ್ಚಿಗಳ ಮೇಲೆ ಐದು ತಾಲೂಕಿನ ಜನ ಕೂತಿದ್ದರು. ಬೀಗರಿಬ್ಬರೂ ಹೆಗಲ ಮೇಲೆ ಕೈ ಹಾಕಿಕೊಂಡು, "ಇವ್ರೇ ನೋಡ್ರಿ, ಕಣ್ಣು ಕಾಣದ ಪಂಚರು," ಎಂದು ನನ್ನನ್ನು ಎಲ್ಲರಿಗೂ ಪರಿಚಯಿಸಿದರು. ಹೆಂಡತಿ ದೂರ ನಿಂತು ನಕ್ಕಳು.

ಈಗ ಭಾನುವಾರದ ಮೇನ್ ಇವೆಂಟನ್ನು ಮೂವರೂ ಕೂತು ನೋಡುತ್ತೇವೆ. ಪಂಚ ಮೊಣಕೈ ತಗುಲಿಸಿಕೊಂಡು ಉರುಳಿದಾಗ ಅವರಿಬ್ಬರೂ ಬೈಯುತ್ತಾರೆ, ನಾನು ಮನಸ್ಸಿನಲ್ಲೇ ಅವನಿಗೆ ಕೈಮುಗಿಯುತ್ತೇನೆ. ಒಮ್ಮೊಮ್ಮೆ ಬಸಣ್ಣ ಚಹಾಕ್ಕೆ ಎದ್ದು ಹೋದ ಹೊತ್ತು ನೋಡಿ ಮಾವ ನನ್ನ ಕಡೆ ಬಾಗಿ, "ಖರೇ ಹೇಳ್ರಿ ಅಳಿಯಂದ್ರ, ನಾನ ಅಲ್ಲೇನು ಮೊದ್ಲ ಬಿದ್ದಿದ್ದು?" ಎನ್ನುತ್ತಾರೆ. ಮಾವ ಎದ್ದು ಹೋದಾಗ ಬಸಣ್ಣನೂ ಅದನ್ನೇ ಕೇಳುತ್ತಾನೆ. ಇಬ್ಬರಿಗೂ ನಾನು ಬರೇ ಕಣ್ಣುಜ್ಜಿ ತೋರಿಸುತ್ತೇನೆ.