ಚೆಲ್ಲಿದ ರಬ್ಬರ್ ಹಾಲು

ನನ್ನ ಮೊಮ್ಮಗಳು ಸೆಲ್ವಿ ಗಣಿತದಲ್ಲಿ ಡಾಕ್ಟರ್ ಆದಳು! ಪುತ್ತೂರಿನ ಕಾಲೇಜಿನಲ್ಲಿ ಲೆಕ್ಚರರ್ ಕೆಲಸವೂ ಇವತ್ತು ಸಿಕ್ಕಿತು. ಸಿಲೋನಿನಿಂದ ಬರಿಗೈಯಲ್ಲಿ ಬಂದ ನಿರಾಶ್ರಿತರು ನಾವು. ಎಂತ ಸಂಶೋಧನೆ ಎಂದು ಕೇಳಿದೆ. "ಗಂಟುಗಳ ಗಣಿತ, ಪಾಟಿ. ಎರಡು ಗಂಟು ನೋಡಲಿಕ್ಕೆ ಬೇರೆ, ನಿಜಕ್ಕೂ ಒಂದೇಯಾ ಅಂತ ಹೇಳುದು." ಪಾಟಿ ಎಂದರೆ ಅಜ್ಜಿ. ಅರ್ಥ ಆಗಲಿಲ್ಲ, ಆದರೂ ಇಡೀ ಕಾಲೊನಿಗೆ ಹೇಳಿ ಬಂದೆ.

ನಾನು ಸುಳ್ಯದ ಹತ್ತಿರ ರಬ್ಬರ್ ತೋಟದಲ್ಲಿ ಟ್ಯಾಪಿಂಗ್ ಮಾಡುತ್ತಿದ್ದವಳು. ಬಿಸಿಲೇರುವ ಮೊದಲು ತೊಗಟೆಯನ್ನು ಕತ್ತಿಯಿಂದ ತೆಳುವಾಗಿ ಕೊರೆದು, ಮರಕ್ಕೆ ಕಟ್ಟಿದ ತೆಂಗಿನ ಗೆರಟೆಗೆ ಇಳಿದ ಹಾಲನ್ನು ಬಕೆಟಿನಲ್ಲಿ ಹೊತ್ತು ಶೆಡ್ಡಿಗೆ ಮುಟ್ಟಿಸಬೇಕು. ತಡವಾದರೆ ಹಾಲು ಮೊಸರಿನ ಹಾಗೆ ಗಟ್ಟಿಯಾಗುತ್ತದೆ. ಇದ್ದ ಮನೆಯೂ ತೋಟದ್ದೇ. ಕೆಲಸ ಹೋದರೆ ಮನೆ ಹೋಯಿತು.

ಸೆಲ್ವಿಯ ಪಿಯುಸಿ ಗಣಿತ ಪರೀಕ್ಷೆಯ ದಿನ ನನ್ನ ಸೊಂಟ ಹಿಡಿದಿತ್ತು. ಮಗ, ಸೊಸೆ ತಮ್ಮ ಪಾಲಿನ ಮರಗಳಿಗೆ ಆಗಲೇ ಹೋಗಿದ್ದರು. ತೋಟದ ಮೇಸ್ತ್ರಿ ಬಾಗಿಲಿಗೇ ಬಂದ.

"ಮೊಮ್ಮಗಳನ್ನು ಕಳಿಸು, ಇಲ್ಲದಿದ್ದರೆ ಮನೆ ಖಾಲಿ ಮಾಡು. ಸಿಲೋನಿನವರಿಗೆ ಎಂತದ್ದು ಗಣಿತ ಮಾರಾಯ್ತಿ?"

ಸೆಲ್ವಿ ಯೂನಿಫಾರ್ಮ್ ಬದಲಿಸಲು ಒಳಗೆ ಹೊರಟಳು. "ಬಸ್ ಹತ್ತು, ಇಲ್ಲದಿದ್ದರೆ ಈ ಕತ್ತಿ ನಿನಗೇ" ಎಂದೆ.

ಮರದಿಂದ ಮರಕ್ಕೆ ಆತುಕೊಂಡು ಕೆಲಸ ಮುಗಿಸಿದೆ. ಶೆಡ್ಡಿಗೆ ಮುಟ್ಟುವಾಗ ಹಾಲು ಇನ್ನೂ ನೀರಾಗಿಯೇ ಇತ್ತು. ಮೇಸ್ತ್ರಿ "ಮೊಸರಾಗಿದೆ" ಎಂದು ಬಕೆಟನ್ನು ಕಾಲಿನಿಂದ ಉರುಳಿಸಿದ. ಎಲ್ಲರೂ ನೋಡುತ್ತಿದ್ದರು. ಕಾಲ ಮೇಲೆ ಹರಿದ ಹಾಲನ್ನು ತೊಳೆಯದೆ ಮನೆಗೆ ಬಂದೆ. ಅದು ಒಣಗಿದ ಮೇಲೆ ಚರ್ಮದಿಂದ ಸುಲಿಯುತ್ತಾ, ಒಂದೊಂದು ಎಳೆಗೂ ಅವನ ಹೆಸರು ಹೇಳಿ ಶಪಿಸಿದೆ.

ಮೇಸ್ತ್ರಿ ಮನೆ ಬಿಡಿಸಲು ಹೊರಟ. ಯೂನಿಯನ್ನಿನವರು ಜಗಳ ಮಾಡಿದ್ದರಿಂದ ಮನೆ ಉಳಿಯಿತು. ಸೆಲ್ವಿ ಪಾಸಾಗಿ ಪುತ್ತೂರು, ಮಂಗಳೂರು ಅಂತ ಓದುತ್ತಾ ಹೋದಳು.

ಇವತ್ತು ಸಂಜೆ ಎಲ್ಲರೂ ಊಟಕ್ಕೆ ಕೂತಾಗ ಅದೇ ಮೇಸ್ತ್ರಿ ಬಂದ. ಕೈಯಲ್ಲಿ ಬಾಳೆಹಣ್ಣು.

"ಮೇಡಂ ಇದ್ದಾರಾ? ನನ್ನ ಮೊಮ್ಮಗ ಗಣಿತದಲ್ಲಿ ಫೇಲ್. ಸ್ವಲ್ಪ ಹೇಳಿಕೊಟ್ಟರೆ..."

"ಮೇಡಂ ಊಟ ಮಾಡ್ತಾ ಇದ್ದಾರೆ ಮೇಸ್ತ್ರಿಯವರೆ. ಕಾಯಿರಿ." ಜಗಲಿಯ ಕುರ್ಚಿಯನ್ನು ಒಳಗೆ ಎಳೆದುಕೊಂಡೆ.

"ಹೇಳಿಕೊಡ್ತೇನೆ ಅಂತ ಹೇಳಿ ಕಳಿಸಿ ಪಾಟಿ, ಪಾಪ" ಎಂದಳು ಸೆಲ್ವಿ.

"ಹೇಳಿಕೊಡು. ಮಗು ಎಂತ ತಪ್ಪು ಮಾಡಿದೆ? ಇವನು ನಿಲ್ಲಲಿ."

ಟ್ಯಾಪಿಂಗ್ ನನಗೆ ಕಲಿಸಿದ್ದು ಇಷ್ಟೇ: ಕತ್ತಿ ತೊಗಟೆಯಲ್ಲೇ ನಿಲ್ಲಬೇಕು, ಒಳಗಿನ ಮರಕ್ಕೆ ತಾಗಬಾರದು. ಹಾಗಾಗಿ ಮೊಮ್ಮಗನನ್ನು ಬಿಟ್ಟೆ. ಅಜ್ಜನನ್ನು ಬಿಡಲಿಲ್ಲ.

ಸೆಲ್ವಿ ಕೈ ತೊಳೆಯಲು ಎದ್ದಳು. ಹೆಗಲು ಒತ್ತಿ ಕೂರಿಸಿ ಇನ್ನೊಂದು ಸೌಟು ಮೀನು ಸಾರು ಬಡಿಸಿದೆ. ಮಗ, ಸೊಸೆ ನಗು ತಡೆದುಕೊಂಡು ತಾವೂ ತಟ್ಟೆ ಮುಂದೆ ಮಾಡಿದರು. ಎಲ್ಲರಿಗೂ ಮತ್ತೊಮ್ಮೆ ಅನ್ನ ಹಾಕಿ, ನಾನೂ ನಿಧಾನವಾಗಿ ಉಣ್ಣಲು ಕೂತೆ.